ಪೂರ್ವಕ್ಕೆ ಹುಲಿಗೆಮ್ಮನ ಮನೆ

ಸಬ್ ರಿಜಿಸ್ಟ್ರಾರ್ ಕಚೇರಿಯ ಮುಂದೆ ಸಾಕ್ಷಿಗಳು ಬಾಡಿಗೆಗೆ ಸಿಗುತ್ತಾರೆ. ತಲೆಗೆ ಐನೂರು ರೂಪಾಯಿ, ಮೇಲೊಂದು ಚಹಾ. ಆಧಾರ್ ಕಾರ್ಡು ಜೇಬಿನಲ್ಲೇ ಇರುತ್ತದೆ. ಬರುತ್ತಾರೆ, ಹೆಬ್ಬೆಟ್ಟು ಒತ್ತುತ್ತಾರೆ, ಕ್ಯಾಮೆರಾಕ್ಕೆ ಮುಖ ತೋರಿಸಿ ಹೋಗುತ್ತಾರೆ. ಯಾರ ಮನೆ, ಯಾರ ಸಾಲ, ಯಾರಿಗೆ ಏನಾಯಿತು, ಕೇಳುವುದಿಲ್ಲ.

ಶಿವಶರಣಪ್ಪನಿಗೆ ಆ ಐನೂರು ದುಬಾರಿ ಎನಿಸಿತು. ಅವನದು ಸುಲ್ತಾನ್ ಬಜಾರಿನಲ್ಲಿ ಸೀರೆ ಅಂಗಡಿ. ಶಂಶಾಬಾದಿನ ಹೆದ್ದಾರಿ ಬದಿಗೆ ಇನ್ನೊಂದು ಅಂಗಡಿ ತೆಗೆಯಬೇಕಿತ್ತು. ಅದಕ್ಕಾಗಿ ಮಿಯಾಪುರದ ಆಚೆ ಇದ್ದ ತನ್ನ ಮನೆಯನ್ನು ಬ್ಯಾಂಕಿಗೆ ಅಡವಿಟ್ಟು ಎಂಬತ್ತು ಲಕ್ಷ ಎತ್ತುತ್ತಿದ್ದ. ಎಂಬತ್ತು ಲಕ್ಷ ಎತ್ತುವವನಿಗೆ ಐನೂರು ಬಹಳ ದೊಡ್ಡದಾಗಿ ಕಾಣುತ್ತದೆ. ಹಾಗಾಗಿ ಒಬ್ಬ ಸಾಕ್ಷಿ ಅಂಗಡಿಯ ಗುಮಾಸ್ತ ಅಮರೇಶಪ್ಪ. ಇನ್ನೊಂದು ಸಾಕ್ಷಿ, ಮನೆಯಲ್ಲಿ ಪಾತ್ರೆ ತಿಕ್ಕುವ ಹುಲಿಗೆಮ್ಮ.

"ಹುಲಿಗಿ, ಆಧಾರ್ ಕಾರ್ಡ್ ತಗೊಂಡ ಬಾ. ಒಂದು ಹೆಬ್ಬಟ್ಟ ಒತ್ತೂದೈತಿ."

"ಪಾತ್ರಿ ಅರ್ಧಾ ಆಗ್ಯಾವ್ರಿ ಸಾವ್ಕಾರ್ರ."

"ಬಂದ್ ಮ್ಯಾಲೆ ತಿಕ್ಕೀಯಂತ. ಅವೇನ್ ಓಡಿ ಹೋಗ್ತಾವೇನು?"

ಕಾರಿನ ಹಿಂದಿನ ಸೀಟಿನ ಮೇಲೆ ಅವನು ಅಂಗಡಿಯ ದೊಡ್ಡ ಪ್ಲಾಸ್ಟಿಕ್ ಚೀಲ ಹಾಸಿದ. "ಸೀರಿ ಒದ್ದಿ ಐತಲ್ಲ, ಅದಕ್ಕ," ಎಂದ. ಮೆಟ್ರೋ ಕಂಬಗಳು ಮುಗಿಯುವ ಹೊತ್ತಿಗೆ ಸೀರೆ ಒಣಗಿತ್ತು. ಚೀಲ ಹಾಗೇ ಇತ್ತು. ಹುಲಿಗೆಮ್ಮ ಕುಂತಲ್ಲಿ ಅಲುಗಿದಾಗಲೆಲ್ಲ ಅದು ಚರಚರ ಎನ್ನುತ್ತಿತ್ತು. ಅವಳು ಬೇಕೆಂದೇ ಅಲುಗಿದಳು.

ಈ ತೆಲುಗು ಊರಿಗೆ ಇಬ್ಬರೂ ಗಡಿ ದಾಟಿ ಬಂದವರು. ಶಿವಶರಣಪ್ಪ ಕಲಬುರಗಿ ಕಡೆಯವನು. ಹುಲಿಗೆಮ್ಮ ರಾಯಚೂರು ಜಿಲ್ಲೆಯ ಮಾದಿಗರ ಕೇರಿಯವಳು. ಪ್ರತಿ ನವೆಂಬರಿನಲ್ಲಿ ಕನ್ನಡ ಸಂಘದ ವೇದಿಕೆ ಹತ್ತಿ ಅವನು "ಈ ಊರಾಗ ನಾವೆಲ್ಲಾ ಒಂದೇ ತಾಯಿ ಮಕ್ಕಳು" ಎಂದು ಭಾಷಣ ಮಾಡುತ್ತಿದ್ದ. ಹೋಳಿಗೆ ಊಟವಾದ ಮೇಲೆ ಇನ್ನೂರು ತಾಯಿ ಮಕ್ಕಳ ತಾಟು ತೊಳೆಯುವುದು ಹುಲಿಗೆಮ್ಮನ ಪಾಲಿಗೆ. ಅವನ ಮನೆಯಲ್ಲಿ ಅವಳ ಚಹಾದ ಲೋಟ ಬಟ್ಟೆ ಒಗೆಯುವ ಕಲ್ಲಿನ ಹಿಂದೆ ಇರುತ್ತಿತ್ತು. ಅದನ್ನು ಅವಳೇ ತೊಳೆದು ಅವಳೇ ಇಡಬೇಕು. ಶೈಲಶ್ರೀ, ಅಂದರೆ ಅವನ ಹೆಂಡತಿ, ಮೇಲಿನಿಂದ ಚಹಾ ಸುರಿಯುತ್ತಿದ್ದಳು. ಗುರಿ ಒಳ್ಳೆಯದಿತ್ತು. ಹನಿ ಹೊರಗೆ ಬೀಳುತ್ತಿರಲಿಲ್ಲ.

ಹುಲಿಗೆಮ್ಮನ ಮನೆ ಅವನ ಮನೆಯ ಗೋಡೆಗೆ ಹತ್ತಿಯೇ ಇತ್ತು. ನಲವತ್ತು ಚದರ ಗಜ ಜಾಗ. ಎರಡು ಕೋಣೆ, ಮೇಲೆ ತಗಡು. ಹತ್ತೊಂಬತ್ತು ವರ್ಷದ ಹಿಂದೆ ಗಂಡ ಬದುಕಿದ್ದಾಗ ಕೊಂಡದ್ದು. ನೂರು ರೂಪಾಯಿಯ ಛಾಪಾ ಕಾಗದ, ನೋಟರಿಯ ಕೆಂಪು ಮೊಹರು, ಅಷ್ಟೇ. ರಿಜಿಸ್ಟ್ರಿ ಇಲ್ಲ. ಬಸ್ತಿಯ, ಅಂದರೆ ಆ ಬಡವರ ಕೇರಿಯ, ಎಲ್ಲರದೂ ಹಾಗೇ. ಮನೆ ಮೊದಲು, ಕಾಗದ ಆಮೇಲೆ ಎಂದುಕೊಂಡವರು. ಆ ಆಮೇಲೆ ಬರಲೇ ಇಲ್ಲ. ಮಾರಿದವನೂ ಸತ್ತ.

ಐದು ವರ್ಷ ಕಳೆದ ಮೇಲೆ ಪಕ್ಕದ ಇನ್ನೂರು ಗಜವನ್ನು ಶಿವಶರಣಪ್ಪ ಕೊಂಡ. ಮೂರು ಅಂತಸ್ತು ಎಬ್ಬಿಸಿದ. ಆ ಇಟ್ಟಿಗೆ ಹೊತ್ತವಳು ಹುಲಿಗೆಮ್ಮ. ಒಂದು ಬಾರಿಗೆ ಹನ್ನೆರಡು ಇಟ್ಟಿಗೆ, ತಲೆಯ ಮೇಲೆ, ಮೂರನೆಯ ಮಹಡಿಗೆ. ಏಣಿಗೆ ಹಿಡಿಕೆ ಇರಲಿಲ್ಲ. ಮನೆ ಮುಗಿದ ಮೇಲೆ ಅದೇ ಮನೆಯ ನೆಲ ಒರೆಸಲು ನಿಂತಳು. ಎಲ್ಲಾ ಕೂಡಿ ಹದಿನಾಲ್ಕು ವರ್ಷ.

ಕಚೇರಿಯ ಎದುರಿನ ತಗಡಿನ ಶೆಡ್ಡಿನಲ್ಲಿ ಹಂಪಯ್ಯ ಕುಂತಿದ್ದ. ದಸ್ತಾವೇಜು ಬರೆಯುವವನು. ರಾಯಚೂರಿನಿಂದ ಬಂದು ಮೂವತ್ತು ವರ್ಷವಾಗಿತ್ತು. ಮೂಗಿನ ತುದಿಗೆ ಕನ್ನಡಕ, ಬಾಯಲ್ಲಿ ಎಲೆ, ಮುಂದೆ ಕಂಪ್ಯೂಟರ್. ಮೂರು ಕುರ್ಚಿ ಇದ್ದವು. ಒಂದರಲ್ಲಿ ಶಿವಶರಣಪ್ಪ, ಒಂದರಲ್ಲಿ ಅಮರೇಶಪ್ಪ, ಒಂದರಲ್ಲಿ ಶಿವಶರಣಪ್ಪನ ಬ್ಯಾಗು. ಹುಲಿಗೆಮ್ಮ ಕಂಬಕ್ಕೆ ಆತು ನಿಂತಳು.

ಸರದಿಗೆ ಇನ್ನೂ ಒಂದು ತಾಸು ಇತ್ತು. ಶಿವಶರಣಪ್ಪ ಫೋನು ಹಿಡಿದು ಆಚೆ ಹೋದ.

"ಅಣ್ಣಾರ, ಒಂದ್ ಮಾತ ಕೇಳ್ತೀನಿ," ಎಂದಳು ಹುಲಿಗೆಮ್ಮ. "ನಂದೂ ಒಂದು ಮನಿ ಐತಿ. ನಲವತ್ತು ಗಜ. ಅದನ್ನ ಪಕ್ಕಾ ಮಾಡ್ಸಬೇಕಂದ್ರ ಎಷ್ಟ ಆಕೈತಿ?"

ಹಂಪಯ್ಯನಿಗೆ ಇಂಥ ಪ್ರಶ್ನೆ ಎಂದರೆ ಪ್ರಾಣ. ಎಲೆ ಉಗುಳಿ ಬಂದ.

"ನೋಡವಾ. ಸರಕಾರ ಗಜಕ್ಕ ಇಷ್ಟು ಅಂತ ರೇಟು ಇಟ್ಟೈತಿ. ನೀ ಎಷ್ಟಕ್ಕರೆ ತಗೋ, ಅದಕ್ಕಿಂತ ಕಡಿಮಿ ತೋರ್ಸಾಕ ಬರೂದಿಲ್ಲ. ನಿಮ್ಮ ಕಡೆ ಗಜಕ್ಕ ಇಪ್ಪತ್ತು ಸಾವಿರ ಹಿಡಿ. ನಲವತ್ತು ಗಜ ಅಂದ್ರ ಎಂಟು ಲಕ್ಷ. ಛಾಪಾ ಸುಂಕ, ವರ್ಗಾವಣಿ ಸುಂಕ, ರಿಜಿಸ್ಟ್ರಿ ಫೀಜು, ಎಲ್ಲಾ ಕೂಡಿ ನೂರಕ್ಕ ಏಳೂವರಿ. ಅರವತ್ತು ಸಾವಿರ. ಮಾರಿದವನ್ನ ಕರ್ಕೊಂಡ ಬಾ, ಮಾಡಿ ಕೊಡ್ತೀನಿ."

"ಅವ ಸತ್ತಾನ್ರಿ."

"ಹಂಗಾರ ಅವನ ಮಕ್ಕಳ್ನೆಲ್ಲಾ ಕರ್ಕೊಂಡ ಬಾ. ಅವರು ಮತ್ತ ರೊಕ್ಕಾ ಕೇಳ್ತಾರ."

"ಸಾವ್ಕಾರ್ರು ಎಂಬತ್ತು ಲಕ್ಷ ಎತ್ತಾಕತ್ಯಾರ. ಅವರಿಗೆಷ್ಟು?"

"ಅದು ಬ್ಯಾರೆ. ಅದು ಮನಿ ಕಾಗದ ಬ್ಯಾಂಕಿನಾಗ ಇಟ್ಟೀವಿ ಅಂತ ಬರೆಯೂ ಪತ್ರ. ನೂರಕ್ಕ ಅರ್ಧ ರೂಪಾಯಿ. ನಲವತ್ತು ಸಾವಿರ. ಮ್ಯಾಲೊಂದು ಎಂಟು ಸಾವಿರ ಫೀಜು. ಅದೂ ಮಿತಿ ಐತಿ ಅದಕ್ಕ. ಎಂಟು ಕೋಟಿ ಎತ್ತಿದ್ರೂ ಸುಂಕ ಐವತ್ತು ಸಾವಿರ ದಾಟೂದಿಲ್ಲ."

"ನನ್ನ ಏಳೂವರಿಗೆ ಮಿತಿ ಇಲ್ಲೇನು?"

"ಇಲ್ಲ."

"ಎಂಟು ಲಕ್ಷದ ಮನಿಗೆ ಅರವತ್ತು. ಎಂಬತ್ತು ಲಕ್ಷದ ಸಾಲಕ್ಕ ನಲವತ್ತೆಂಟು." ಹುಲಿಗೆಮ್ಮ ಬೆರಳು ಮಡಚಿ ನೋಡಿದಳು. "ಸಾಲದವರ ಮ್ಯಾಲೆ ಸರಕಾರಕ್ಕ ಭಾಳ ಕಳಕಳಿ ಐತಿ ಬಿಡ್ರಿ."

"ಎಲ್ಲಾ ಸಾಲದವರ ಮ್ಯಾಲೆ ಅಲ್ಲವಾ. ಅಡಾ ಇಡಾಕ ಪಕ್ಕಾ ಕಾಗದ ಇದ್ದವರ ಮ್ಯಾಲೆ." ಹಂಪಯ್ಯ ಗೊಳ್ಳನೆ ನಕ್ಕ. ಅಮರೇಶಪ್ಪನೂ ನಕ್ಕ. ಹುಲಿಗೆಮ್ಮನೂ ನಕ್ಕಳು. ನಗುವುದಕ್ಕೆ ಸುಂಕವಿರಲಿಲ್ಲ.

ಶಿವಶರಣಪ್ಪ ವಾಪಸು ಬಂದ. ಮುದ್ರಿಸಿದ ಹಾಳೆಯನ್ನು ಹಂಪಯ್ಯ ಕೈಗೆತ್ತಿಕೊಂಡ. ಅವನಿಗೊಂದು ಚಟವಿತ್ತು. ಪತ್ರ ಒಳಗೆ ಹೋಗುವ ಮುಂಚೆ ಚಕ್ಕುಬಂದಿಯನ್ನು ದೊಡ್ಡ ದನಿಯಲ್ಲಿ ಓದಬೇಕು. ಚಕ್ಕುಬಂದಿ ಎಂದರೆ ಆಸ್ತಿಯ ನಾಲ್ಕೂ ದಿಕ್ಕಿಗೆ ಏನೇನಿದೆ ಎಂಬ ಸಾಲು. ಕಚೇರಿಗೆ ಬೇಕಾಗಿರಲಿಲ್ಲ. ಅವನಿಗೆ ಕೆಲಸ ಕಲಿಸಿದ ಮುದುಕ ಹಾಗೆ ಓದುತ್ತಿದ್ದ. ಇವನೂ ಓದುತ್ತಿದ್ದ, ತೆಲುಗಿನಲ್ಲಿ, ಮಂಗಳಾರತಿಯ ಧಾಟಿಯಲ್ಲಿ.

"ಉತ್ತರಂ, ಇಪ್ಪತ್ತು ಅಡಿ ರೋಡ್. ದಕ್ಷಿಣಂ, ನಾಲಾ. ಪಡಮರ, ಪಕ್ಕದವರ ಮನೆ. ತೂರ್ಪು, ಮೂವತ್ತು ಅಡಿ ರೋಡ್."

ಹುಲಿಗೆಮ್ಮ ಹತ್ತೊಂಬತ್ತು ವರ್ಷದಿಂದ ತೆಲುಗಿನಲ್ಲೇ ಕೂಲಿ ಕೇಳಿದವಳು, ತೆಲುಗಿನಲ್ಲೇ ಬೈಸಿಕೊಂಡವಳು. ಪಡಮರ ಎಂದರೆ ಪಶ್ಚಿಮ, ತೂರ್ಪು ಎಂದರೆ ಪೂರ್ವ. ಶಿವಶರಣಪ್ಪನ ಮನೆಯ ಪೂರ್ವಕ್ಕೆ ಏನಿದೆ ಎಂದು ಅವಳಿಗೆ ಯಾರೂ ಹೇಳಬೇಕಾಗಿರಲಿಲ್ಲ. ಬೆಳಿಗ್ಗೆ ಅಲ್ಲೇ ಎದ್ದು ಬಂದಿದ್ದಳು.

"ಅಣ್ಣಾರ, ತಪ್ಪ ಓದಿದ್ರಿ. ಮೂಡಲಕ ನನ್ನ ಮನಿ ಐತಿ."

ಹಂಪಯ್ಯ ಶಿವಶರಣಪ್ಪನ ಮುಖ ನೋಡಿದ. ಶಿವಶರಣಪ್ಪ ಫೋನು ನೋಡಿದ.

"ಅದು ಬ್ಯಾಂಕಿನವರ ಸಲುವಾಗಿ ಹುಲಿಗಿ," ಎಂದ. "ಎರಡೂ ಕಡೆ ರಸ್ತಾ ಇದ್ರ ಮನಿ ಬೆಲಿ ಏರತೈತಿ. ಅರವತ್ತು ಲಕ್ಷ ಕೊಡೂ ಕಡೆ ಎಂಬತ್ತು ಕೊಡ್ತಾರ. ಕಾಗದದಾಗ ಅಷ್ಟ. ನಿನಗೇನ ಆಗೂದಿಲ್ಲ."

"ಕಾಗದದಾಗ ರಸ್ತಾ ಆದ್ರ ನಾ ಎಲ್ಲಿ ಇರ್ತೀನ್ರಿ?"

"ಇದ್ದಲ್ಲೇ ಇರ್ತಿ."

"ರಸ್ತಾದ ಮ್ಯಾಲೆ?"

"ಏ, ವಕೀಲ್ಕಿ ಮಾಡಬ್ಯಾಡ. ನಾ ನಿನಗ ಬ್ಯಾರೆಯವನೇನು? ನಮ್ಮ ಕಡೆಯಾಕಿ ಅಂತ ಇಷ್ಟು ವರ್ಷ ಇಟ್ಕೊಂಡೀನಿ."

ಹೋದ ವರ್ಷ ಕೆರೆ ದಂಡೆಯ ಬಸ್ತಿಗೆ ಜೆಸಿಬಿ ಬಂದಿತ್ತು. ಅಲ್ಲಿ ಅವಳ ಚಿಕ್ಕಮ್ಮನ ಮಗಳು ಇದ್ದಳು. ಹುಲಿಗೆಮ್ಮ ಓಡಿ ಹೋಗಿ ಅವಳ ಗ್ಯಾಸ್ ಸಿಲಿಂಡರನ್ನು ಹೆಗಲ ಮೇಲೆ ಹೊತ್ತು ಆಚೆ ತಂದಿದ್ದಳು. ಅಷ್ಟೇ ಉಳಿದದ್ದು. ಬಂದ ಸಾಹೇಬ ಒಂದೇ ಮಾತು ಕೇಳಿದ್ದ: ರಿಜಿಸ್ಟ್ರಿ ಕಾಗದ ಎಲ್ಲಿ? ನೋಟರಿ ಕಾಗದ ತೋರಿಸಿದರೆ ಅವನು ಕೈಗೆ ಕೂಡ ತೆಗೆದುಕೊಳ್ಳಲಿಲ್ಲ.

ಈ ಊರಿನ ದಸ್ತಾವೇಜುಗಳನ್ನು ತೆಗೆದು ನೋಡಿ. ಎಷ್ಟು ಬಸ್ತಿಗಳು ಅಲ್ಲಿ ಖಾಲಿ ಜಾಗ. ಎಷ್ಟು ಗುಡಿಸಲುಗಳು ದಾರಿ. ಎಷ್ಟು ಮಂದಿ ಬರೀ "ಇತರರು". ಅವರನ್ನು ಯಾರೂ ಒದ್ದು ಓಡಿಸಲಿಲ್ಲ. ಟೈಪ್ ಮಾಡಿ ಓಡಿಸಿದರು. ಸುಂಕ ಕಟ್ಟಿ ಓಡಿಸಿದರು.

ಹೆಸರು ಕೂಗಿದರು. ಒಳಗೆ ಹೋದರು.

ಸಬ್ ರಿಜಿಸ್ಟ್ರಾರ್ ಸತ್ಯಭಾಮಾ ಮೇಡಂ ಎತ್ತರದ ಮೇಜಿನ ಹಿಂದೆ ಕುಂತಿದ್ದಳು. ಐವತ್ತರ ಹೆಂಗಸು. ಮೇಜಿನ ಮೇಲೆ ಅರ್ಧ ತಿಂದ ಇಡ್ಲಿಯ ಡಬ್ಬಿ. ಶಿವಶರಣಪ್ಪ ಒತ್ತಿದ. ಅಮರೇಶಪ್ಪ ಒತ್ತಿದ. ಹುಲಿಗೆಮ್ಮನ ಸರದಿ ಬಂತು.

ಯಂತ್ರ ಅವಳ ಹೆಬ್ಬೆಟ್ಟು ಒಪ್ಪಲಿಲ್ಲ.

"ಇನ್ನೊಮ್ಮೆ," ಎಂದ ಕಂಪ್ಯೂಟರಿನವನು. ಇನ್ನೊಮ್ಮೆಯೂ ಇಲ್ಲ. ಬೆರಳು ಒರೆಸಿದರು. ಇಲ್ಲ. ಗೆರೆಗಳೇ ಇರಲಿಲ್ಲ. ಅರ್ಧ ಗೆರೆ ಸಿಮೆಂಟು ತಿಂದಿತ್ತು, ಉಳಿದರ್ಧ ಪಾತ್ರೆ ಪುಡಿ ತಿಂದಿತ್ತು. ಹುಲಿಗೆಮ್ಮ ತನ್ನ ಹೆಬ್ಬೆಟ್ಟನ್ನು ತಾನೇ ನೋಡಿಕೊಂಡಳು. ನುಣ್ಣಗೆ ಇತ್ತು, ಅವನ ಮನೆಯ ನೆಲದ ಹಾಗೆ.

ಹಿಂದೆ ಸಾಲು ಬೆಳೆಯಿತು. ಯಾರೋ ಚ್ ಚ್ ಎಂದರು. ಶಿವಶರಣಪ್ಪನಿಗೆ ತಾಳ್ಮೆ ಹೋಯಿತು. ಮುಂದೆ ಬಂದ. ಅವಳ ಕೈ ಹಿಡಿದ. ಹೆಬ್ಬೆಟ್ಟನ್ನು ತನ್ನ ಎರಡು ಬೆರಳ ನಡುವೆ ಹಿಡಿದು ಗಾಜಿನ ಮೇಲೆ ಒತ್ತತೊಡಗಿದ.

ಹದಿನಾಲ್ಕು ವರ್ಷದಲ್ಲಿ ಅವನು ಅವಳನ್ನು ಮುಟ್ಟಿದ್ದು ಅದೇ ಮೊದಲು. ಸಂಬಳವನ್ನೂ ಕಟ್ಟೆಯ ಮೇಲೆ ಇಡುತ್ತಿದ್ದ. ಬಿದ್ದಾಗ ಎಬ್ಬಿಸಲಿಲ್ಲ. ಮೂರನೆಯ ಮಹಡಿಯ ಏಣಿಯಿಂದ ಜಾರಿದಾಗಲೂ "ಎದ್ದೇಳು, ಎದ್ದೇಳು" ಎಂದು ದೂರದಿಂದ ಹೇಳಿದ್ದ. ಈಗ ಮುಟ್ಟಿದ. ಅವಳ ಮನೆ ಅಳಿಸಲು ಅವಳದೇ ಬೆರಳು ಬೇಕಾಗಿತ್ತು.

ಹುಲಿಗೆಮ್ಮ ಮುಷ್ಟಿ ಕಟ್ಟಿದಳು.

"ಕೈ ಬಿಡ್ರಿ."

"ಹುಲಿಗಿ, ಮಂದಿ ನೋಡಾಕತ್ಯಾರ."

"ನೋಡ್ಲಿ. ಕೈ ಬಿಡ್ರಿ. ನಾ ಒತ್ತೂದಿಲ್ಲ."

ಅವನು ಬಿಟ್ಟ. ಆ ಕೈಯನ್ನು ಪ್ಯಾಂಟಿಗೆ ಒರೆಸಿಕೊಂಡ. ಅದು ಹುಲಿಗೆಮ್ಮನ ಕಣ್ಣಿಗೆ ಬಿತ್ತು. ಅಲ್ಲಿಗೆ ಉಳಿದಿದ್ದ ಅಷ್ಟಿಷ್ಟು ಹೆದರಿಕೆಯೂ ಹೋಯಿತು.

ಸತ್ಯಭಾಮಾ ಮೇಡಂ ತಲೆ ಎತ್ತಿದಳು. "ಏಮಿಟಮ್ಮಾ?" ಎಂದು ತೆಲುಗಿನಲ್ಲಿ ಕೇಳಿದಳು. ಹುಲಿಗೆಮ್ಮನೂ ಬಸ್ತಿಯ ತೆಲುಗಿನಲ್ಲೇ ಹೇಳಿದಳು.

"ಈ ಕಾಗದದಾಗ ನನ್ನ ಮನಿ ರಸ್ತಾ ಅಂತ ಬರದಾರ್ರಿ ಅಮ್ಮಾ. ಅಲ್ಲಿ ರಸ್ತಾ ಇಲ್ಲ. ನಾ ಅದೀನಿ. ಇಲ್ಲ ಅಂತ ನಾನ ಹೆಂಗ ಸಾಕ್ಷಿ ಹೇಳ್ಲಿ?"

ಮೇಡಂ ನಿಟ್ಟುಸಿರು ಬಿಟ್ಟಳು. ದಿನಕ್ಕೆ ನಲವತ್ತು ಪತ್ರ ನೋಡುವವಳು. "ನೋಡಮ್ಮಾ, ಬರೆದದ್ದು ನಿಜವೋ ಸುಳ್ಳೋ ನಾವು ನೋಡುವುದಿಲ್ಲ. ಅದು ಕೋರ್ಟಿನ ಕೆಲಸ."

"ಮತ್ತ ನೀವೇನ್ ನೋಡ್ತೀರಿ?"

"ಸುಂಕ ಪೂರ್ತಿ ಕಟ್ಟಿದ್ದಾರೋ ಇಲ್ಲವೋ ನೋಡುತ್ತೇವೆ."

ಶೆಡ್ಡಿನಲ್ಲಿ ಹಂಪಯ್ಯ ಹೇಳಿದ್ದೆಲ್ಲ ಹುಲಿಗೆಮ್ಮನ ಕಿವಿಯಲ್ಲಿ ಇನ್ನೂ ಬಿಸಿಯಾಗಿತ್ತು.

"ಹಂಗಾರ ಸುಂಕಾನೇ ನೋಡ್ರಿ. ಇವರು ಜಾಗ ಕೊಂಡಾಗಿನ ಪತ್ರ ಆ ಫೈಲಿನಾಗ ಐತಿ. ಬ್ಯಾಂಕಿಗೆ ಇಡೂದು ಅದನ್ನೇ ಅಲ್ಲೇನ್ರಿ? ತೆಗೀರಿ. ಅದಕ್ಕೂ ಸಾಕ್ಷಿ ನಾನೇ. ಆವತ್ತೂ ಐನೂರು ಉಳಿಸ್ಯಾರ. ಆವತ್ತು ಓದಿದ್ದು ನನಗ ನೆನಪೈತಿ. ಅದರಾಗ ಮೂಡಲಕ ಏನೈತಿ ಓದ್ರಿ."

ಶಿವಶರಣಪ್ಪ ಫೈಲಿನ ಮೇಲೆ ಕೈ ಇಟ್ಟ. ಮೇಡಂ ಕೈ ಚಾಚಿದಳು. ಚಾಚಿದ ಸರಕಾರಿ ಕೈಗೆ ಇಲ್ಲ ಎನ್ನಲು ಅವನಿಗೆ ಅಭ್ಯಾಸವಿರಲಿಲ್ಲ. ಕೊಟ್ಟ.

ಅವಳು ಹಾಳೆ ತಿರುವಿದಳು. ಎರಡನೆಯ ಹಾಳೆ. ಮೂರನೆಯದು. ನಿಂತಳು.

"ತೂರ್ಪು," ಎಂದು ಓದಿದಳು. "ಹುಲಿಗೆಮ್ಮ ಇಲ್ಲು."

ಹುಲಿಗೆಮ್ಮನ ಮನೆ. ಸರಕಾರದ ಬಾಯಲ್ಲಿ, ಫ್ಯಾನು ತಿರುಗುವ ಕೋಣೆಯಲ್ಲಿ, ಸಾಲಿನಲ್ಲಿ ನಿಂತ ಇಪ್ಪತ್ತು ಮಂದಿಯ ಎದುರಿಗೆ. ಬಸ್ತಿಯಲ್ಲಿ ಅವಳಿಗೆ ಓಟು ಇತ್ತು, ಕರೆಂಟು ಬಿಲ್ಲು ಇತ್ತು, ಮನೆ ಅವಳದೆಂಬ ಸರಕಾರಿ ದಾಖಲೆ ಇರಲಿಲ್ಲ. ಇದ್ದ ಒಂದೇ ಒಂದು ಕಡೆ ಇಲ್ಲಿ. ಇನ್ನೊಬ್ಬನ ಆಸ್ತಿಯ ಎಲ್ಲೆಯಾಗಿ.

ಮೇಡಂ ಎರಡೂ ಕಾಗದ ಪಕ್ಕ ಪಕ್ಕ ಇಟ್ಟಳು. ಈಗ ಅವಳ ಕಣ್ಣು ಬೇರೆಯಾಗಿತ್ತು. ಸುಳ್ಳಿಗೆ ಅರಳದ ಕಣ್ಣು ಸುಂಕಕ್ಕೆ ಅರಳಿತು.

"ಕೊಳ್ಳುವಾಗ ಒಂದೇ ರಸ್ತೆ, ಸಣ್ಣದು. ಆ ದರಕ್ಕೆ ಸುಂಕ ಕಟ್ಟಿದ್ದೀರಿ. ಸಾಲ ತೆಗೆಯುವಾಗ ಎರಡು ರಸ್ತೆ, ಒಂದು ಮೂವತ್ತು ಅಡಿಯದು. ಆ ರಸ್ತೆ ಆವಾಗಲೂ ಇತ್ತೇನು?"

"ಮೇಡಂ, ಅದು..."

"ಇತ್ತು ಅನ್ನಿ, ದರ ಬೇರೆ ಆಗುತ್ತದೆ. ಕಡಿಮೆ ಸುಂಕ ಕಟ್ಟಿದ್ದೀರಿ ಅಂತ ಈಗಲೇ ಮೇಲಕ್ಕೆ ಬರೆಯುತ್ತೇನೆ. ಬಾಕಿ, ಅದರ ಮೇಲೆ ದಂಡ, ಎಲ್ಲಾ ಬರುತ್ತದೆ. ಇರಲಿಲ್ಲ ಅನ್ನಿ, ಈ ಪತ್ರ ತಿದ್ದಿ. ಯಾವುದು ಸುಳ್ಳು, ನೀವೇ ಆರಿಸಿಕೊಳ್ಳಿ."

ಶಿವಶರಣಪ್ಪ ಬೆವರಿದ. "ಟೈಪಿಂಗ್ ಮಿಸ್ಟೇಕ್ ಮೇಡಂ. ಹಂಪಯ್ಯ ತಪ್ಪು ಹೊಡದಾನ."

ಬಾಗಿಲಲ್ಲಿ ನಿಂತಿದ್ದ ಹಂಪಯ್ಯನಿಗೆ ಸಿಟ್ಟು ಬಂತು. ಮೂವತ್ತು ವರ್ಷದಲ್ಲಿ ಅವನು ಲಂಚ ಕೊಟ್ಟಿದ್ದ, ತೆಗೆದುಕೊಂಡಿದ್ದ, ತಪ್ಪು ಟೈಪು ಮಾತ್ರ ಹೊಡೆದಿರಲಿಲ್ಲ. "ನನ್ನ ಮ್ಯಾಲೆ ಹಾಕಬ್ಯಾಡ್ರಿ," ಎಂದ. "ರಸ್ತಾ ಅಂತ ಬರಿ ಅಂದವ್ರು ನೀವು. ಇಪ್ಪತ್ತ್ ಅಡಿ ಸಾಲೂದಿಲ್ಲ, ಮೂವತ್ತು ಹಾಕು ಅಂದವ್ರೂ ನೀವು."

ಸಾಲಿನಲ್ಲಿ ನಿಂತವರೆಲ್ಲ ನಕ್ಕರು. ಮೇಡಂ ಪತ್ರವನ್ನು ಮೇಜಿನ ಅಂಚಿಗೆ ತಳ್ಳಿದಳು. ಇವತ್ತಿನ ಸರದಿ ಹೋಯಿತು, ಹೊಸದಾಗಿ ಬರೆಸಿಕೊಂಡು ಬನ್ನಿ ಎಂದಳು. ಮುಂದಿನ ಹೆಸರು ಕೂಗಿಸಿ ಇಡ್ಲಿಗೆ ಕೈ ಹಾಕಿದಳು.

ಅಂಗಳದ ಬೇವಿನ ಮರದ ಕೆಳಗೆ ಶಿವಶರಣಪ್ಪನಿಗೆ ಬಾಯಿ ಬಂತು.

"ನನ್ನ ಉಪ್ಪು ತಿಂದು ನನಗೇ ಕೊಳ್ಳಿ ಇಟ್ಟೆಲ್ಲಾ."

"ಉಪ್ಪು ನಂದ್ರಿ. ಇಟ್ಟಂಗಿ ಹೊತ್ತು ಬೆವರಿದ್ದು ನಿಮ್ಮ ಗೋಡಿಯಾಗ ಇನ್ನೂ ಐತಿ."

"ನಾಳಿಂದ ಕೆಲಸಕ್ಕ ಬರಬ್ಯಾಡ."

"ನಾಳಿ ತನಕಾ ಯಾರ್ ಕಾಯ್ತಾರ? ಈಗಿಂದನೇ ಬರೂದಿಲ್ಲ."

"ಏನ್ ಗೆದ್ದೆ ಅಂತ ಮಾಡಿದಿ?" ಅವನ ದನಿ ಇಳಿಯಿತು. ಇಳಿದ ದನಿಯೇ ಹೆಚ್ಚು ಕೆಟ್ಟದಿತ್ತು. "ಐನೂರು ಬಿಸಾಕಿದ್ರ ನಾಳೆ ಸಾಕ್ಷಿ ಸಿಗ್ತಾನ. ಮೂವತ್ತ್ ಅಡಿ ಇಲ್ಲದಿದ್ರ ದಾರಿ ಅಂತ ಬರೀತೀನಿ. ಬ್ಯಾರೆ ರೈಟರ್, ಬ್ಯಾರೆ ದಿನಾ. ಮೇಡಂಗೂ ಏನರ ಕೊಟ್ರಾತು. ನಿನ್ನ ನೋಟರಿ ಕಾಗದಾನ ಯಾರ್ ನೋಡ್ತಾರ?"

ಅವನು ಹೇಳಿದ್ದು ನಿಜವಿತ್ತು. ಅದು ಅವಳಿಗೂ ಗೊತ್ತಿತ್ತು. ಕಾರು ಧೂಳೆಬ್ಬಿಸಿ ಹೋಯಿತು. ಅಮರೇಶಪ್ಪ ಕಿಟಕಿಯಿಂದ ಒಮ್ಮೆ ಹಿಂತಿರುಗಿ ನೋಡಿದ. ಅವನೂ ಬಾಡಿಗೆ ಮನೆಯವನು.

ಹುಲಿಗೆಮ್ಮ ಶೆಡ್ಡಿಗೆ ಬಂದಳು. ಕುರ್ಚಿ ಎಳೆದುಕೊಂಡು ಕುಂತಳು.

"ಅಣ್ಣಾರ, ಅವರು ಕೊಂಡ ಪತ್ರ, ಅದರ ನಕಲು ನನಗ ಸಿಗತೈತೇನು? ಸರಕಾರಿ ಶಿಕ್ಕಾ ಇರೂದು."

"ಯಾರಿಗರೆ ಸಿಗತೈತಿ. ಅರ್ಜಿ ಹಾಕಬೇಕು. ಫೀಜು ಇನ್ನೂರು ಚಿಲ್ಲರಿ. ನಂಬರ್ ನನ್ನ ಕಡೆ ಐತಿ." ಅವನು ಗಂಟಲು ಸರಿಪಡಿಸಿಕೊಂಡ. "ಆದ್ರ ನನ್ನ ಹೆಸರು ಎಲ್ಲೂ ತರಬ್ಯಾಡವಾ. ನಾಕು ಸಾವ್ಕಾರ್ರು ಬಂದ್ರ ನನ್ನ ಒಲಿ ಹೊತ್ತತೈತಿ."

"ನಿಮ್ಮ ಹೆಸರು ತಗೊಂಡು ನಾ ಏನ್ ಮಾಡ್ಲಿ? ಅದರಾಗ ನನ್ನ ಹೆಸರು ಐತಿ. ಬರೀರಿ."

ಕುಬಸದೊಳಗಿನ ಪುಟ್ಟ ಚೀಲದಿಂದ ಮಡಚಿದ ನೋಟು ತೆಗೆದಳು. ವಾರದ ಕಾಯಿಪಲ್ಲೆಯ ದುಡ್ಡು. ಹಂಪಯ್ಯ ಅರ್ಜಿ ತುಂಬತೊಡಗಿದ. ಹೆಸರು, ಗಂಡನ ಹೆಸರು, ವಯಸ್ಸು, ಆಧಾರ್ ಸಂಖ್ಯೆ. ಒಂದು ಕಡೆ ಪೆನ್ನು ನಿಂತಿತು.

"ಅರ್ಜಿದಾರರಿಗೂ ಈ ಆಸ್ತಿಗೂ ಸಂಬಂಧ ಏನು ಅಂತ ಕೇಳ್ಯಾರ. ಏನಂತ ಬರೀಲಿ? ಕೆಲಸದಾಕಿ ಅಂತ?"

"ಅದು ಇವತ್ತಿಗೆ ಮುಗೀತು."

"ಮತ್ತೇನಂತ?"

"ಅದರ ಮೂಡಲ ದಿಕ್ಕು ನಾನು. ಹಂಗಂತ ಬರೀರಿ."

ಹಂಪಯ್ಯ ಕನ್ನಡಕದ ಮೇಲಿಂದ ಅವಳನ್ನು ನೋಡಿದ. ಮೂವತ್ತು ವರ್ಷದಲ್ಲಿ ಆ ಸಾಲಿಗೆ ಅಂಥ ಉತ್ತರ ಬಂದಿರಲಿಲ್ಲ. ಬರೆದ. ಬರೆದದ್ದನ್ನು ಧಾಟಿಯಿಲ್ಲದೆ, ಸಣ್ಣ ದನಿಯಲ್ಲಿ ಓದಿ ಹೇಳಿದ.

ಅರ್ಧ ತಾಸಿನಲ್ಲಿ ನಕಲು ಬಂತು. ಶಿಕ್ಕಾ ಇನ್ನೂ ಹಸಿಯಿತ್ತು. ಹುಲಿಗೆಮ್ಮ ಅದನ್ನು ಮಡಚಲಿಲ್ಲ. ಹಂಪಯ್ಯನ ಮೇಜಿನಿಂದ ಒಂದು ಪ್ಲಾಸ್ಟಿಕ್ ಕವರು ತಾನೇ ತೆಗೆದು ಅದರೊಳಗೆ ಇಟ್ಟಳು.

"ಇದನ್ನ ಮೊದಲು ತೋರ್ಸಬೇಕಾದ್ದು ಎಂಬತ್ತು ಲಕ್ಷ ಕೊಡವರಿಗೆ," ಎಂದಳು. "ಆ ಬ್ಯಾಂಕು ಎಲ್ಲೈತ್ರಿ?"

"ಮೆಟ್ರೋ ಸ್ಟೇಷನ್ ಎದುರಿಗೆ. ಎರಡನೇ ಮಾಳಗಿ. ಯಾಕವಾ, ಅಲ್ಲಿ ನಿನ್ನ ಒಳಗ ಬಿಡೂದಿಲ್ಲ. ವಾಚ್‌ಮನ್ ಇರ್ತಾನ."

"ಬಿಡೂತನಕ ಮೆಟ್ಲ ಮ್ಯಾಲೆ ಕುಂದರ್ತೀನಿ. ಎಷ್ಟಕ್ಕ ಮುಚ್ಚತಾರ?"

"ನಾಕಕ್ಕ."

ಗೋಡೆಯ ಗಡಿಯಾರದಲ್ಲಿ ಎರಡೂವರೆ. ಮಿಯಾಪುರದ ಬಸ್ಸು ಗೇಟಿನ ಮುಂದೆ ನಿಧಾನ ಮಾಡಿತ್ತು. ಹುಲಿಗೆಮ್ಮ ಸೆರಗು ಸಿಕ್ಕಿಸಿ ಓಡಿದಳು.